ಓದುಗರ ಪ್ರಶ್ನೆ: ಚೀನಾದ ಯುದ್ಧಚಿತ್ರಗಳ ಬರಹಗಾರ

ಪ್ರ: ಕೊರಿಯಾ ಯುದ್ಧದಲ್ಲಿ ಚೀನೀಯರು ಅಮೆರಿಕನ್ನರ ವಿರುದ್ಧ ಕಾದಿದ ಕಥೆಯ 'ದ ಬ್ಯಾಟಲ್ ಅಟ್ ಲೇಕ್ ಚಾಂಗ್‌ಜಿನ್' ಚಿತ್ರಕ್ಕೆ ಮೂವರು ನಿರ್ದೇಶಕರು ಎಂಬುದು ಗೊತ್ತು. ಬರೆದವರು ಯಾರು? ಈ ಬಗೆಯ ಬರವಣಿಗೆಗೆ ಅವರು ಬಂದದ್ದು ಹೇಗೆ?

ಉ: ಚಿತ್ರಕಥೆ ಲಾನ್ ಶಿಯಾವ್‌ಲಾಂಗ್ ಮತ್ತು ಹುವಾಂಗ್ ಜಿಯಾನ್‌ಶಿನ್ ಅವರದು. ಲಾನ್ ಹುಟ್ಟಿದ್ದು 1973ರಲ್ಲಿ, ಹುನಾನ್ ಪ್ರಾಂತ್ಯದ ಶಾವ್‌ಯಾಂಗ್‌ನಲ್ಲಿ. ಬೀಜಿಂಗ್‌ನ ಸೆಂಟ್ರಲ್ ಅಕಾಡೆಮಿ ಆಫ್ ಡ್ರಾಮಾದಲ್ಲಿ ಓದು ಮುಗಿಸಿ 1997ರಲ್ಲಿ ಸೇನೆಯದೇ ನಾಟಕ ತಂಡವೊಂದನ್ನು ಸೇರಿದರು. ಅಲ್ಲಿ ರಂಗಕ್ಕೆ ಬರೆದ ಕಥೆಯೇ ಬೆಳೆದು 2006ರ 'ಸೋಲ್ಜರ್ಸ್ ಸಾರ್ಟಿ' ಧಾರಾವಾಹಿಯಾಯಿತು. 2009ರಲ್ಲಿ ಬಂದ 'ಮೈ ಚೀಫ್ ಆ್ಯಂಡ್ ಮೈ ರೆಜಿಮೆಂಟ್' ಎರಡನೇ ಮಹಾಯುದ್ಧದಲ್ಲಿ ಬರ್ಮಾ ರಂಗದಲ್ಲಿ ಸೋತು ಚದುರಿದ ಚೀನೀ ಸೈನಿಕರದು. ಎರಡನ್ನೂ ನಿರ್ದೇಶಿಸಿದವರು ಕಾಂಗ್ ಹೊಂಗ್‌ಲೇ. 2021ರ ಚಾಂಗ್‌ಜಿನ್ ಚಿತ್ರದ ಹಿಂದೆ ಇಷ್ಟು ವರ್ಷಗಳ ಬ್ಯಾರಕ್ ಬದುಕಿನ ಬರವಣಿಗೆ ಇದೆ.

ಅವರ ಕೈಗುರುತು ಬೇಕಿದ್ದರೆ ಸೈನಿಕರ ಕ್ರಮಸಂಖ್ಯೆ ನೋಡಿ. 'ಸೋಲ್ಜರ್ಸ್ ಸಾರ್ಟಿ'ಯ ಶು ಸಾನ್‌ಡುವೊ ತನ್ನ ಏಳನೇ ಕಂಪನಿಯ, ಅಂದರೆ ಸೇನಾ ತುಕಡಿಯ, 4956ನೇ ಸೈನಿಕ. ಚಾಂಗ್‌ಜಿನ್‌ನ ವು ವಾನ್‌ಲಿ ಕೂಡ ಏಳನೇ ಕಂಪನಿಯವನೇ, 677ನೆಯವನು. ಸತ್ತವರ ಸಂಖ್ಯೆ ಅಳಿಸಿಹೋಗುವುದಿಲ್ಲ, ಹೊಸಬನಿಗೆ ಮುಂದಿನದು ಸಿಗುತ್ತದೆ. ಭಾಷಣವಿಲ್ಲದೆ ಇಡೀ ಕಂಪನಿಯ ಚರಿತ್ರೆ ಒಂದು ಸಾಲಿನಲ್ಲಿ ಬಂದುಬಿಡುತ್ತದೆ. ನನ್ನ ಮಟ್ಟಿಗೆ ಅವರ ಅತಿ ದೊಡ್ಡ ಶಕ್ತಿ ಇದೇ.

ಪ್ರ: ಲಕ್ಷಾಂತರ ಜನ ಕಾದಾಡಿದ ಯುದ್ಧವನ್ನು ಚಿತ್ರಕಥೆಗೆ ಇಳಿಸುವಾಗ ಎಲ್ಲಿ ತಪ್ಪುತ್ತದೆ?

ಉ: ಸೇನಾಪತಿಯ ನಕ್ಷೆಯ ಮೇಜಿಗೆ ಪದೇ ಪದೇ ಹೋದಾಗ. 1950ರ ನವೆಂಬರ್ ಕೊನೆಯಲ್ಲಿ ಚೀನೀ ಸೇನಾಪತಿ ಸೊಂಗ್ ಶಿಲುನ್ ಅವರ 9ನೇ ಸೇನಾ ಸಮೂಹ ಸಾಕಷ್ಟು ಚಳಿಯುಡುಪಿಲ್ಲದೆ, ಶೂನ್ಯಕ್ಕಿಂತ 30 ಡಿಗ್ರಿ ಕೆಳಗಿನ ಚಳಿಯಲ್ಲಿ ಹೋರಾಡಿತು. ಪ್ರೇಕ್ಷಕನಿಗೆ ಆ ಚಳಿ ತಟ್ಟುವುದು ಹಲ್ಲಿಗೆ ಬಗ್ಗದ ಹೆಪ್ಪುಗಟ್ಟಿದ ಆಲೂಗಡ್ಡೆಯಿಂದ, ನಕ್ಷೆಯ ಬಾಣದಿಂದಲ್ಲ. ಮೊದಲ ಭಾಗದಲ್ಲಿ ಕಥೆ ಪ್ರಧಾನ ಕಚೇರಿಗೆ, ಮಾವೋ ಅವರ ಮಗ ಮಾವೋ ಆನ್‌ಯಿಂಗ್ ಕಡೆಗೆ ಹೊರಳಿದಾಗಲೆಲ್ಲ ಕಂಪನಿಯ ಎಳೆ ಸಡಿಲವಾಗುತ್ತದೆ. 2022ರ ಎರಡನೇ ಭಾಗಕ್ಕೆ ಗುರಿ ಒಂದೇ: ಅಮೆರಿಕನ್ನರು ಹಿಂದೆ ಸರಿಯುವ ದಾರಿಯ ಸೇತುವೆ. ಚೀನೀಯರು ಅದನ್ನು ಮತ್ತೆ ಮತ್ತೆ ಉರುಳಿಸಿದರು, ಅಮೆರಿಕನ್ನರು ಕೊನೆಗೆ ವಿಮಾನದಿಂದ ಪ್ಯಾರಾಚೂಟ್ ಮೂಲಕ ಬಿಡಿಭಾಗ ಇಳಿಸಿ ಕಟ್ಟಿದರು. ಇತಿಹಾಸವೇ ಕಥೆಯನ್ನು ನಾಟಕದ ಅಂಕಗಳಂತೆ ವಿಂಗಡಿಸಿ ಕೊಟ್ಟಿತ್ತು.

ಪ್ರ: ಚೀನಾದಲ್ಲಿ ಚಿತ್ರಕಥೆಗೆ ಮೊದಲೇ ಅನುಮತಿ ಬೇಕೆ?

ಉ: ಬೇಕು. 2017ರ ಮಾರ್ಚ್ 1ರಿಂದ ಜಾರಿಯಲ್ಲಿರುವ ಚಲನಚಿತ್ರ ಕಾಯ್ದೆಯಂತೆ ಸಾಮಾನ್ಯ ಚಿತ್ರಕ್ಕೆ ಕಥಾಸಾರಾಂಶ ಸಲ್ಲಿಸಿದರೆ ಸಾಕು. ಸೇನೆ, ವಿದೇಶಾಂಗ, ಧರ್ಮ, ಜನಾಂಗ, ಮಹತ್ವದ ವಿಷಯಗಳಿಗೆ ಪೂರ್ತಿ ಚಿತ್ರಕಥೆಯೇ ಪರಿಶೀಲನೆಗೆ ಹೋಗಬೇಕು. ಚಿತ್ರ ಮುಗಿದ ಮೇಲೆ ಪ್ರದರ್ಶನ ಪರವಾನಗಿಗೆ ಮತ್ತೊಂದು ಸುತ್ತು. ಆಮೇಲೆ ಕಥೆ ಬದಲಿಸಿದರೆ ಮತ್ತೆ ಮೊದಲಿನಿಂದ. ಎಲ್ಲ ಮುಗಿಯಿತು ಎಂದುಕೊಂಡಾಗಲೂ ತಡೆ ಬರಬಹುದು: ಶಾಂಘೈನ ಸಿಹಾಂಗ್ ಗೋದಾಮಿನಲ್ಲಿ 1937ರಲ್ಲಿ ಜಪಾನೀಯರ ವಿರುದ್ಧ ನಡೆದ ಕಾಳಗದ ಚಿತ್ರ 'ದ ಏಯ್ಟ್ ಹಂಡ್ರೆಡ್' 2019ರ ಜೂನ್‌ನಲ್ಲಿ ಶಾಂಘೈ ಚಿತ್ರೋತ್ಸವದಿಂದ ಹಿಂದೆ ಸರಿಯಿತು, ತೆರೆಕಂಡದ್ದು 2020ರ ಆಗಸ್ಟ್‌ನಲ್ಲಿ.