ಎಫ್‌ಎಂ ಪಟ್ಟಿ ಹಿಗ್ಗಿದರೆ ಧಾರವಾಡ ಹತ್ತಿರವಾಗದು

ಪ್ರಶ್ನೆ: ಎಎಂ (ಮೀಡಿಯಂ ವೇವ್) ಕೇಂದ್ರಗಳಿಗೆ ಜಾಗ ಮಾಡಿಕೊಡಲು ಬ್ರೆಜಿಲ್‌ನಲ್ಲಿ ಎಫ್‌ಎಂ ಪಟ್ಟಿಯನ್ನು (ಅದಕ್ಕೆ ಮೀಸಲಾದ ತರಂಗಗಳ ವ್ಯಾಪ್ತಿ, ಅಂದರೆ ಬ್ಯಾಂಡ್) ಕೆಳಗೆ 76 ಮೆಗಾಹರ್ಟ್ಸ್‌ವರೆಗೆ ಹಿಗ್ಗಿಸಿದ್ದಾರಂತೆ. ನಮ್ಮಲ್ಲೂ ಹಾಗೆ ಮಾಡಿ ಧಾರವಾಡ ಆಕಾಶವಾಣಿಯನ್ನು ಎಫ್‌ಎಂಗೆ ತಂದರೆ, ಈಗ ರಾತ್ರಿ ಮಾತ್ರ ಗರಗರ ಸದ್ದಿನೊಡನೆ ಸಿಗುವ ಅದು ಹಗಲಲ್ಲೂ ಸ್ವಚ್ಛವಾಗಿ ಕೇಳಿಸುವುದಿಲ್ಲವೇ? (ಓದುಗರು, ಡೊಂಬಿವಲಿ)

ಉತ್ತರ: ಹಗಲಲ್ಲಿ ಕೇಳಿಸುವುದಿಲ್ಲ, ಈಗ ರಾತ್ರಿ ಸಿಗುತ್ತಿರುವುದೂ ತಪ್ಪಿಹೋಗುತ್ತದೆ. ಠಾಣೆ, ಪುಣೆ, ವಾಸ್ಕೋಗಳಿಂದಲೂ ಇದೇ ಪ್ರಶ್ನೆ ಪದೇ ಪದೇ ಬರುತ್ತಿರುವುದರಿಂದ ಸ್ವಲ್ಪ ವಿಸ್ತಾರವಾಗಿಯೇ ಹೇಳುತ್ತೇನೆ. ಧಾರವಾಡದ 765 ಕಿಲೋಹರ್ಟ್ಸ್‌ನಂಥ ಮೀಡಿಯಂ ವೇವ್ ಅಲೆಗಳನ್ನು ರಾತ್ರಿಯ ಹೊತ್ತು ಆಕಾಶದಲ್ಲಿ ಬಹಳ ಎತ್ತರದಲ್ಲಿರುವ ಅಯಾನುಗೋಳವೆಂಬ ವಿದ್ಯುತ್ ಕಣಗಳ ಪದರ ನೆಲಕ್ಕೆ ಹಿಂತಿರುಗಿಸುತ್ತದೆ. ಸುಮಾರು 450 ಕಿಲೋಮೀಟರ್ ದೂರದ ಡೊಂಬಿವಲಿಯಲ್ಲಿ ನಿಮಗೆ ಕನ್ನಡ ಕೇಳುವುದು ಆ ಕಾರಣದಿಂದ. ಎಫ್‌ಎಂ ಅಲೆಗಳು ಸಾಮಾನ್ಯವಾಗಿ ಆ ಪದರವನ್ನು ತೂರಿಕೊಂಡು ಹೋಗಿಬಿಡುತ್ತವೆ. ಸಮತಟ್ಟಾದ ನೆಲದಲ್ಲಿ 100 ಮೀಟರ್ ಗೋಪುರದಿಂದ ಹೊರಟ ಎಫ್‌ಎಂ, ಮೂರನೆಯ ಮಹಡಿಯ ನಿಮ್ಮ ಕಿಟಕಿಗೆ ತಲುಪುವುದು ಹೆಚ್ಚೆಂದರೆ 50 ಕಿಲೋಮೀಟರ್ ಆಸುಪಾಸಿನಿಂದ. ನಡುವೆ ಸಹ್ಯಾದ್ರಿ ಬೇರೆ ಇದೆ. ಪಟ್ಟಿ 76ರಿಂದ ಆರಂಭವಾದರೂ 88ರಿಂದ ಆರಂಭವಾದರೂ ಈ ಲೆಕ್ಕ ಬದಲಾಗದು.

ಹಾಗಾದರೆ ಬ್ರೆಜಿಲ್ ಅದನ್ನೇಕೆ ಮಾಡಿತು? ಅಲ್ಲಿನ ಎಎಂ ಕೇಂದ್ರಗಳಲ್ಲಿ ಬಹುಪಾಲು ತಮ್ಮ ಊರಿನವರಿಗಾಗಿಯೇ ಇರುವಂಥವು. ನಗರದ ವಿದ್ಯುತ್ ಉಪಕರಣಗಳ ಗದ್ದಲದಲ್ಲಿ ಮುಳುಗುತ್ತಿದ್ದ ಅವುಗಳಿಗೆ 2013ರ ಆದೇಶ ಎಫ್‌ಎಂಗೆ ವಲಸೆ ಹೋಗಲು ಅನುಮತಿ ಕೊಟ್ಟಿತು. ದೊಡ್ಡ ನಗರಗಳಲ್ಲಿ ಜಾಗ ಸಾಲದಾದಾಗ, ಅನಲಾಗ್ ಟಿವಿಯ 5 ಮತ್ತು 6ನೆಯ ಚಾನೆಲ್‌ಗಳು ತೆರವು ಮಾಡಿದ 76ರಿಂದ 88 ಮೆಗಾಹರ್ಟ್ಸ್ ಒದಗಿತು. ಜಪಾನ್ ಕೂಡ ಟಿವಿ ಬಿಟ್ಟುಕೊಟ್ಟ 90ರಿಂದ 95ರ ಭಾಗವನ್ನು ಎಎಂ ಕೇಂದ್ರಗಳಿಗೆ ಕೊಟ್ಟಿದೆ. ನಮ್ಮ ದೇಶದಲ್ಲಿ 76ರಿಂದ 87ರ ನಡುವೆ ಟಿವಿ ಇರಲೇ ಇಲ್ಲ, ಆ ಭಾಗ ಬೇರೆ ಸಂವಹನ ಸೇವೆಗಳಿಗೆ ಮೀಸಲು. ಹೀಗಿರುವಾಗ ಬ್ರೆಜಿಲ್‌ನ ಮಾದರಿಯನ್ನು ಇದ್ದಂತೆಯೇ ಇಲ್ಲಿಗೆ ತರಲಾಗದು. ಊರಿನ ಕೇಂದ್ರಕ್ಕೆ ಎಫ್‌ಎಂ ಒಳ್ಳೆಯದೇ, ಅದನ್ನು ನಾನು ಒಪ್ಪುತ್ತೇನೆ. ಆದರೆ ಹೊರನಾಡ ಕನ್ನಡಿಗರೇ ಮುಂದಾಗಿ ಧಾರವಾಡದ ಮೀಡಿಯಂ ವೇವ್ ನಿಲ್ಲಿಸಿರೆಂದು ಮನವಿ ಬರೆಯುವುದನ್ನು ಕಂಡಾಗ ನನಗೆ ನಿಜಕ್ಕೂ ಸಂಕಟವಾಗುತ್ತದೆ.

ಸದ್ಯಕ್ಕೆ ಇಷ್ಟು ಮಾಡಿ. ಕತ್ತಲಾದ ಮೇಲೆ ಸೆಟ್ಟನ್ನು ಕಿಟಕಿಯ ಬಳಿ ಇಟ್ಟು, ಅದರ ಅಗಲವಾದ ಮುಖ ದಕ್ಷಿಣಕ್ಕೂ ಆಗ್ನೇಯಕ್ಕೂ ನಡುವಿನ ದಿಕ್ಕನ್ನು ನೋಡುವಂತೆ ಮೆಲ್ಲನೆ ತಿರುಗಿಸಿ, ಹತ್ತಿರದ ಎಲ್‌ಇಡಿ ದೀಪವನ್ನೂ ಮೊಬೈಲ್ ಚಾರ್ಜರನ್ನೂ ಆರಿಸಿ. ಮೀಡಿಯಂ ವೇವ್ ಹಿಡಿಯುವುದು ಸೆಟ್ಟಿನೊಳಗೆ ಏರಿಯಲ್ ಆಗಿ ಕೆಲಸ ಮಾಡುವ ಫೆರೈಟ್ ಕಡ್ಡಿಯಾದ್ದರಿಂದ ಹೊರಗಿನ ಏರಿಯಲ್ ಎಳೆದು ಪ್ರಯೋಜನವಿಲ್ಲ. ಹಗಲಿಗೆ ಪ್ರಸಾರ ಭಾರತಿಯ ನ್ಯೂಸ್ ಆನ್ ಏರ್ ಆ್ಯಪ್ ಬಳಸಿ.

ಪ್ರಶ್ನೆ: ಎರಡು ಸಾವಿರದ ಬೂಸ್ಟರ್ ಹಾಕಿದರೆ ಬೆಂಗಳೂರಿನ ಎಫ್‌ಎಂ ಪುಣೆಯಲ್ಲಿ ಸಿಗುತ್ತದೆ ಎಂದು ಅಂಗಡಿಯವರು ಹೇಳುತ್ತಾರೆ. (ಪುಣೆ)

ಉತ್ತರ: ಅದು ಮೋಸ, ಹಣ ಕೊಡಬೇಡಿ, ತಲುಪದೇ ಇರುವ ಅಲೆಯನ್ನು ಯಾವ ಬೂಸ್ಟರೂ ದೊಡ್ಡದು ಮಾಡಲಾರದು.

ಪ್ರಶ್ನೆ: ನನ್ನ ತಮ್ಮ ಜಪಾನಿನಿಂದ ತಂದ ಹಳೆಯ ರೇಡಿಯೊದಲ್ಲಿ ಪಣಜಿಯ 105.4 ಬರುತ್ತಿಲ್ಲ, ರಿಪೇರಿ ಮಾಡಿಸಲೇ? (ಮಡಗಾಂವ್)

ಉತ್ತರ: ಆ ದೇಶದ ಹಳೆಯ ಸೆಟ್ಟುಗಳ ಎಫ್‌ಎಂ 76ರಿಂದ 90ರವರೆಗೆ ಮಾತ್ರ, ಸೆಟ್ಟು ಕೆಟ್ಟಿಲ್ಲ, ದಯವಿಟ್ಟು ಬಿಚ್ಚಿಸಬೇಡಿ.