ಓದಿದರೆ ಅರ್ಥವಾಗುತ್ತೆ, ಬಾಯಿಬಿಟ್ಟರೆ ತಪ್ಪುತ್ತೆ

ಅಪರೂಪದ ಇಂಗ್ಲಿಷ್ ಪದಗಳ ಅರ್ಥ ಗೊತ್ತಿದ್ದರೂ ಹೇಳುವಾಗ ಯಾಕೆ ತಪ್ಪುತ್ತೆ, ಏನು ಮಾಡಲಿ ಅಂತ ಕೇಳಿದ್ದೀರಿ. ಓದಿ ಕಲಿತವರೆಲ್ಲರ ಪಾಡೂ ಇದೇ. ನನ್ನದೂ.

ಒಮ್ಮೆ ಮೀಟಿಂಗ್‌ನಲ್ಲಿ epitome ಅನ್ನುವ ಪದವನ್ನು ‘ಎಪಿಟೋಮ್’ ಅಂದೆ. ಯಾರೂ ನಗಲಿಲ್ಲ. ಸ್ವಲ್ಪ ಹೊತ್ತಿಗೆ ಇನ್ನೊಬ್ಬರು ಅದೇ ಪದವನ್ನು ‘ಇಪಿಟಮಿ’ ಅಂದರು. ನನ್ನ ಕಿವಿ ಬಿಸಿಯಾಯಿತು. ಅದು ಗ್ರೀಕ್‌ನಿಂದ ಬಂದ ಪದ, ಕೊನೆಯ ‘ಇ’ ಸುಮ್ನೆ ಕೂರುವುದಿಲ್ಲ. ಉತ್ಪ್ರೇಕ್ಷೆ ಅನ್ನುವ ಅರ್ಥದ ‘ಹೈಪರ್ಬಲಿ’ (hyperbole) ಕೂಡ ಹಾಗೇ. ಅದನ್ನು ‘ಹೈಪರ್‌ಬೋಲ್’ ಅಂತ ಓದಿಕೊಳ್ಳುವವರು ಬೇಕಾದಷ್ಟು ಜನ. ‘ಅಪಾಸ್ಟ್ರಫಿ’ಯನ್ನು ಸರಿಯಾಗಿ ಹೇಳ್ತೀವಲ್ವಾ, ಅದೇ ಜಾಡು. ಹಾಗಂತ ‘ಟೆಲಿಸ್ಕೋಪಿ’ ಅಂದುಬಿಡಬೇಡಿ!

ಇಪಿಟಮಿಯ ಅರ್ಥದಲ್ಲೂ ಜನ ಎಡವುತ್ತಾರೆ. ಅದು ತುತ್ತತುದಿ ಅಲ್ಲ, ಒಂದು ಗುಣಕ್ಕೆ ಹೇಳಿ ಮಾಡಿಸಿದಂಥ ಉದಾಹರಣೆ. ತಾಳ್ಮೆಯ ಇಪಿಟಮಿ ಅಂದರೆ ತಾಳ್ಮೆಯೇ ಮೈವೆತ್ತಂತಿರುವವರು.

ನನಗೆ ಜಾಸ್ತಿ ಇಷ್ಟವಾದ ಪದ ‘ವಿಟಲ್ಸ್’ (victuals). ಊಟದ ಸಾಮಗ್ರಿ ಅಂತ ಅರ್ಥ. ಹಳೆಯ ಕಾದಂಬರಿಗಳಲ್ಲಿ ಸಿಗುತ್ತೆ. ಕಾಗುಣಿತ ನೋಡಿದರೆ ‘ವಿಕ್ಚುವಲ್ಸ್’ ಅನ್ನಬೇಕು ಅನ್ನಿಸುತ್ತೆ. ಫ್ರೆಂಚ್‌ನಿಂದ ಇಂಗ್ಲಿಷ್‌ಗೆ ಬಂದಾಗ ಅದರಲ್ಲಿ ‘ಸಿ’ ಇರಲಿಲ್ಲ. ಲ್ಯಾಟಿನ್ ಬೇರು ಕಾಣಲಿ ಅಂತ ಪಂಡಿತರು ಆಮೇಲೆ ತುರುಕಿದರು. ಬರೆಯುವ ಕೈ ಒಪ್ಪಿತು, ನಾಲಿಗೆ ಒಪ್ಪಲಿಲ್ಲ. ಸಾಲ ಅನ್ನುವ ‘ಡೆಟ್’ನ ‘ಬಿ’, ಕೋರ್ಟಿನಲ್ಲಿ ಆರೋಪ ಹೊರಿಸುವ ‘ಇಂಡೈಟ್’ನ (indict) ‘ಸಿ’ ಎಲ್ಲ ಇದೇ ಪಂಡಿತರ ಕೊಡುಗೆ. ಹಾಗಾಗಿ ತಪ್ಪು ಪೂರ್ತಿ ನಿಮ್ಮದಲ್ಲ.

ನಾನು ಮಾಡುವುದು ಇಷ್ಟೇ. ಹೊಸ ಪದ ಸಿಕ್ಕಿದರೆ ಆನ್‌ಲೈನ್ ನಿಘಂಟಿನಲ್ಲಿ ಸ್ಪೀಕರ್ ಗುರುತು ಒತ್ತಿ ಎರಡು ಸಲ ಕೇಳುತ್ತೇನೆ. ಕೇಳಿದ್ದನ್ನು ಕನ್ನಡದಲ್ಲಿ ಬರೆದು, ಒತ್ತಿ ಹೇಳುವ ಭಾಗಕ್ಕೆ ಅಡಿಗೆರೆ ಹಾಕುತ್ತೇನೆ. ಅಡಿಗೆರೆ ಮರೆಯಬೇಡಿ. ನಾವು ಕನ್ನಡದವರು ಎಲ್ಲ ಅಕ್ಷರಕ್ಕೂ ಹೆಚ್ಚುಕಮ್ಮಿ ಒಂದೇ ತೂಕ ಕೊಡುತ್ತೇವೆ, ಇಂಗ್ಲಿಷ್ ಹಾಗಲ್ಲ. ಇಪಿಟಮಿಯಲ್ಲಿ ಒತ್ತು ‘ಪಿ’ ಮೇಲೆ, ಹೈಪರ್ಬಲಿಯಲ್ಲಿ ‘ಪರ್’ ಮೇಲೆ.

ಇಷ್ಟೆಲ್ಲ ಹೇಳಿದ ನಾನು, ದಾರಿ ತಪ್ಪಿಸಲ್ಪಟ್ಟ ಅನ್ನುವ ‘ಮಿಸ್‌ಲೆಡ್’ (misled) ಪದವನ್ನು ಪುಸ್ತಕದಲ್ಲಿ ಕಂಡಾಗಲೆಲ್ಲ ವರ್ಷಗಟ್ಟಲೆ ‘ಮೈಸಲ್ಡ್’ ಅಂತ ಓದಿಕೊಂಡಿದ್ದೆ. ಕಿವಿಗೆ ಬಿದ್ದ ಮಿಸ್‌ಲೆಡ್ ಬೇರೆ, ಇದು ಬೇರೆ ಅಂತಲೇ ನಂಬಿದ್ದೆ. ಈಗಲೂ ಅವಸರದಲ್ಲಿ ಓದಿದರೆ ಮೊದಲು ಕಾಣುವುದು ಮೈಸಲ್ಡೇ.