ಅಪ್ಪನನ್ನು ಕಾಯುತ್ತಿದ್ದ ಮಗಳು

ಪತ್ನಿ ಅನಾರೋಗ್ಯದಿಂದ ತೀರಿಕೊಂಡ ಬಳಿಕ 6 ವರ್ಷದ ಮಗಳನ್ನು ಒಬ್ಬರೇ ಸಾಕುತ್ತಿದ್ದ ತಂದೆಯೊಬ್ಬರು, ರಾತ್ರಿ ನಿದ್ರೆ ಬಾರದೆಂದು ಆಪ್ತಸಲಹೆಗೆ ಬಂದಿದ್ದರು. (ಗುರುತು ಹತ್ತಬಹುದಾದ ವಿವರಗಳನ್ನು ಬದಲಿಸಿದ್ದೇನೆ.) ಮಗಳ ಬಗ್ಗೆ ಅವರಿಗೆ ಯಾವ ದೂರೂ ಇರಲಿಲ್ಲ. ‘ಹಟವಿಲ್ಲ, ಅಳುವಿಲ್ಲ, ನನ್ನ ಊಟವಾಯಿತೇ ಎಂದು ಅವಳೇ ವಿಚಾರಿಸುತ್ತಾಳೆ’ ಎಂದು ಹೆಮ್ಮೆಯಿಂದ ಹೇಳಿದರು. ನನ್ನನ್ನು ಚಿಂತೆಗೆ ಹಚ್ಚಿದ್ದು ವಯಸ್ಸಿಗೆ ಮೀರಿದ ಆ ತಿಳಿವಳಿಕೆಯೇ.

ಮುಂದಿನ ಭೇಟಿಗೆ ಮಗಳೂ ಬಂದಳು. ನಾನು ಏನೇ ಕೇಳಿದರೂ ಮೊದಲು ಅಪ್ಪನ ಮುಖ ನೋಡಿ, ಆಮೇಲೆ ಉತ್ತರಿಸುತ್ತಿದ್ದಳು. ಗೊಂಬೆಗಳನ್ನು ಕೊಟ್ಟಾಗ ಅಪ್ಪ ಗೊಂಬೆಯನ್ನು ಮಲಗಿಸಿ, ಹೊದಿಕೆ ಹೊದಿಸಿ, ಪುಟ್ಟ ಗೊಂಬೆಯನ್ನು ಪಕ್ಕದಲ್ಲಿ ಕೂರಿಸಿದಳು. ‘ಇವಳು ಮಲಗೋದಿಲ್ವಾ?’ ಎಂದೆ. ‘ಅಪ್ಪ ಏಳ್ತಾರಾ ಅಂತ ನೋಡ್ಬೇಕು’ ಎಂದಳು. ತಾಯಿ ತೀರಿಕೊಂಡ ದಿನ ‘ಅಮ್ಮ ಮಲಗಿದ್ದಾಳೆ’ ಎಂದಷ್ಟೇ ಮನೆಯವರು ಹೇಳಿದ್ದರೆಂಬುದು ಆಗ ತಿಳಿಯಿತು.

ಸಾವು ಮರಳಿ ಬಾರದ ಅಗಲಿಕೆ ಎಂಬ ಅರಿವು ಮಕ್ಕಳಲ್ಲಿ ಸಾಮಾನ್ಯವಾಗಿ 5ರಿಂದ 7 ವರ್ಷದ ನಡುವೆ ಗಟ್ಟಿಗೊಳ್ಳುತ್ತದೆ. ತಮ್ಮ ಹಟದಿಂದಲೇ ಹೀಗಾಯಿತೆಂದು ನಂಬಿ ಕೊರಗುವುದೂ ಆ ವಯಸ್ಸಿನಲ್ಲಿ ಉಂಟು. ಹೆತ್ತವರನ್ನು ತಾವೇ ನೋಡಿಕೊಳ್ಳಬೇಕೆಂಬ ಒತ್ತಡಕ್ಕೆ ಬೀಳುವ ಇಂಥ ಮಕ್ಕಳ ಬಗ್ಗೆ ಮಗು ಮತ್ತು ಪೋಷಕರ ನಡುವಿನ ನಂಟನ್ನು ವಿವರಿಸುವ ಬಾಂಧವ್ಯ ಸಿದ್ಧಾಂತವನ್ನು ರೂಪಿಸಿದ ಮನೋವೈದ್ಯ ಜಾನ್ ಬೌಲ್ಬಿ ವಿವರವಾಗಿ ಬರೆದಿದ್ದಾರೆ.

ನಿದ್ರೆ, ಪ್ರಯಾಣದಂಥ ಮಾತುಗಳನ್ನು ಬಿಟ್ಟು, ಅಮ್ಮ ಸತ್ತುಹೋಗಿದ್ದಾಳೆ, ಅವಳ ದೇಹ ಇನ್ನು ಕೆಲಸ ಮಾಡುವುದಿಲ್ಲ, ಇದರಲ್ಲಿ ನಿನ್ನ ತಪ್ಪೇನೂ ಇಲ್ಲ ಎಂದು ಮಗಳನ್ನು ಹತ್ತಿರ ಕೂರಿಸಿಕೊಂಡು ಹೇಳುವಂತೆ ತಂದೆಗೆ ಸಲಹೆ ನೀಡಿದೆ. ಅವರು ಹಿಂಜರಿದರು, ಮಗು ತಡೆದುಕೊಳ್ಳಲಾರದು ಎಂಬ ಅವರ ಆತಂಕ ಸಹಜವೇ ಆಗಿದ್ದರೂ, ಮಗು ಆಗಲೇ ಅದಕ್ಕಿಂತ ಭಾರವಾದದ್ದನ್ನು ಒಂಟಿಯಾಗಿ ಹೊತ್ತಿತ್ತು. ದುಃಖವನ್ನು ಮುಚ್ಚಿಡದೆ, ‘ನನಗೆ ಬೇಸರವಾಗಿದೆ, ಅದನ್ನು ನಿನ್ನ ಅತ್ತೆಯ ಹತ್ತಿರ ಹೇಳಿಕೊಳ್ಳುತ್ತೇನೆ, ನೀನು ಆಡಿಕೋ’ ಎನ್ನಬೇಕೆಂದೂ, ದಿನಕ್ಕೆ 15 ನಿಮಿಷವಾದರೂ ಅವಳು ಹೇಳಿದ ಆಟವನ್ನು ಅವಳು ಹೇಳಿದಂತೆಯೇ ಆಡಬೇಕೆಂದೂ ತಿಳಿಸಿದೆ.

ಕೆಲವು ವಾರಗಳ ನಂತರ ಅವರು ಗಾಬರಿಯಿಂದ ಕರೆ ಮಾಡಿದರು: ಮಗಳು ಶಾಲೆಯ ಚೀಲ ಎಸೆದು, ಅಮ್ಮನೇ ಬೇಕೆಂದು ಗಂಟೆಗಟ್ಟಲೆ ಅತ್ತಿದ್ದಳು. ಅದು ನನಗೆ ನೆಮ್ಮದಿಯ ಸುದ್ದಿ. ಅಪ್ಪ ತನ್ನ ಅಳುವನ್ನು ತಾಳಿಕೊಳ್ಳಬಲ್ಲರು ಎಂಬ ಧೈರ್ಯ ಅವಳಿಗೆ ಬಂದಿತ್ತು. ಗದರಿಸದೆ, ಸುಮ್ಮನಿರಿಸಲು ಆತುರಪಡದೆ ಪಕ್ಕದಲ್ಲೇ ಕುಳಿತಿರಿ ಎಂದೆ. ತಂದೆಯ ನಿದ್ರಾಹೀನತೆಗೆ ಪ್ರತ್ಯೇಕ ಭೇಟಿಗಳನ್ನು ಮುಂದುವರಿಸಿದೆವು.